ಬಿಳಿ ಬಟ್ಟೆ ಕಟ್ಟದ ದಿನಗಳು

ರಾಜಧಾನಿ
ಸೋಮವಾರ, ಅಮಾವಾಸ್ಯೆ ಕಳೆದ ಮೂರನೆಯ ದಿನ

ನನ್ನ ಅಕ್ಕನಿಗೆ,

ನಿನ್ನ ತಂಗಿಯ ನಮಸ್ಕಾರ. ನಿನ್ನ ಕಾಗದ ಬಂದು ತಿಂಗಳಾಯಿತು. ಮಹಾಮಂತ್ರಿಯ ಹೆಂಡತಿಯಾದ ಮೇಲೆ ಇವಳಿಗೆ ಕೊಂಬು ಬಂತು ಎಂದು ಬೈದುಕೊಂಡಿರುತ್ತೀಯ. ಬೈದುಕೋ, ತಪ್ಪು ನನ್ನದೇ. ಬರೆಯಲು ಕೂತಾಗಲೆಲ್ಲ ಒಂದು ಅನುಮಾನ ಅಡ್ಡ ಬರುತ್ತಿತ್ತು. ಇವತ್ತು ಅದನ್ನೇ ಬರೆಯುತ್ತೇನೆ. ಭಾವನಿಗೆ ಓದಿ ಹೇಳಬೇಡ.

ಇಲ್ಲಿ ಅತ್ತೆಯ ಮಂಡಿನೋವು ಹಾಗೇ ಇದೆ, ಬಾಯಿಯೂ ಹಾಗೇ ಇದೆ. ಇವರ ಹೆಸರಂತೂ ಸಾಮ್ರಾಜ್ಯದಲ್ಲೆಲ್ಲ ಮನೆಮಾತು. ಹೋದ ತಿಂಗಳು ದೊಡ್ಡ ಸೇತುವೆ ಕುಸಿದು ಜನ ಸತ್ತಿದ್ದರಂತೆ. ಅದು ನಮಗೆ ಯಾರಿಗೂ ನೆನಪಿಲ್ಲ, ಇವರಿಗೆ ಮಾತ್ರ ನೆನಪು. ಆ ದಿನವನ್ನು ಹಿಂದಕ್ಕೆ ತಿರುಗಿಸಿ, ಬೆಳಿಗ್ಗೆಯೇ ಜನ ಓಡಾಡದಂತೆ ಕಾವಲು ಹಾಕಿಸಿದರು. ಸಂಜೆ ಖಾಲಿ ಸೇತುವೆ ಬಿತ್ತು. ಮೂರು ದಿನದಷ್ಟು ಹಿಂದೆ ಹೋಗಬಲ್ಲರು, ಅದರಾಚೆ ಕೈ ಸಾಗುವುದಿಲ್ಲ. ಹಾಗೆ ತಿರುಗಿಸಿದಾಗ ಕಚೇರಿಯ ಕಿಟಕಿಗೆ ಬಿಳಿ ಬಟ್ಟೆ ಕಟ್ಟಬೇಕೆಂಬುದು ಇಲ್ಲಿನ ಕಟ್ಟಳೆ. ಈ ದಿನವನ್ನು ನೀವು ಒಮ್ಮೆ ಬದುಕಿ ಮುಗಿಸಿದ್ದೀರಿ ಎಂದು ಜನಕ್ಕೆ ತಿಳಿಯಬೇಕಲ್ಲ.

ಆದರೆ ದಿನ ತಿರುಗಿದರೂ ಇವರ ಮೈ ತಿರುಗುವುದಿಲ್ಲ. ಎರಡು ದಿನ ಹಿಂದೆ ಬಂದರೆ ಎರಡು ದಿನದ ಗಡ್ಡದ ಸಮೇತ ಬರುತ್ತಾರೆ. ಸಾಹೇಬರ ಗಡ್ಡಕ್ಕೆ ಗೊಬ್ಬರ ಹಾಕುತ್ತೀರಾ ಅಮ್ಮ ಎಂದು ಕ್ಷೌರದವನು ನಗುತ್ತಾನೆ. ನಾನೂ ನಗುತ್ತಿದ್ದೆ. ಒಂದು ದಿನ ಊಟಕ್ಕೆ ಬಡಿಸುವಾಗ ನೋಡಿದೆ, ಬೆಳಿಗ್ಗೆ ನುಣ್ಣಗಿದ್ದ ಕೆನ್ನೆ ಮುಳ್ಳುಮುಳ್ಳಾಗಿತ್ತು. ಎದುರಿನ ಕಚೇರಿಯ ಕಿಟಕಿ ನೋಡಿದೆ. ಬಿಳಿ ಬಟ್ಟೆ ಇರಲಿಲ್ಲ.

ಅಲ್ಲಿಂದಾಚೆ ಕಣ್ಣಿಟ್ಟೆ. ಮತ್ತೆ ಹಾಗೇ ಆಯಿತು, ಮತ್ತೂ ಆಯಿತು. ಈ ಮನುಷ್ಯ ಕದ್ದ ದಿನಗಳನ್ನು ಯಾರ ಜೊತೆ ಕಳೆಯುತ್ತಿದ್ದಾನೆ? ಹೆಂಡತಿಯ ಮನಸ್ಸು ಮೊದಲು ಎಲ್ಲಿಗೆ ಓಡುತ್ತದೆ ಎಂದು ನಿನಗೆ ಹೇಳಬೇಕಾಗಿಲ್ಲ. ಅಂಗಿ ಮೂಸಿದೆ, ಜೇಬು ತಡಕಿದೆ. ಗಾಡಿಯವನಿಗೆ ಬಿಸಿ ಹಾಲು ಕೊಟ್ಟು ನಯವಾಗಿ ಕೇಳಿದೆ. ಸಾಹೇಬರು ಕಚೇರಿ ಬಿಟ್ಟು ಎಲ್ಲೂ ಹೋಗಿಲ್ಲ ಎಂದು ಆಣೆ ಇಟ್ಟ. ಅವನ ಆಣೆ ಕಟ್ಟಿಕೊಂಡು ನಾನೇನು ಮಾಡಲಿ? ಅವಳ ಮನೆಗೆ ಗಾಡಿ ಹೊಡೆದಿದ್ದರೂ ಆ ದಿನ ಅವನಿಗೂ ಅಳಿಸಿಹೋಗಿರುತ್ತದೆ. ಈ ಊರಿನಲ್ಲಿ ಸುಳ್ಳು ಹೇಳದವರನ್ನೂ ನಂಬುವಂತಿಲ್ಲ.

ನನ್ನ ಮುಖ ನೋಡಿ ಅತ್ತೆ ಸಮಾಧಾನ ಮಾಡಲು ಬಂದರು. "ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಅಂತಾರೆ. ನಿಮ್ಮಿಬ್ರದು ಅಷ್ಟೂ ಇಲ್ಲ ಕಣೇ. ಒಂದು ದಿನಾನೂ ನಿಮ್ಮ ದನಿ ಏರಿದ್ದು ನಾನು ಕೇಳಿಲ್ಲ" ಎಂದರು. ನನ್ನ ನಾಲಿಗೆ ಎಂಥದು ಎಂದು ನೀನು ಬಲ್ಲೆ. ಆರು ವರ್ಷದ ಸಂಸಾರದಲ್ಲಿ ಒಂದೇ ಒಂದು ಜಗಳ ನನಗೂ ನೆನಪಿಗೆ ಬರಲಿಲ್ಲ.

ಗುರುವಾರ ಮತ್ತೆ ಗಡ್ಡ ಬೆಳೆದಿತ್ತು. ಬಿಸಿನೀರು, ಟವೆಲು ಮುಂದಿಟ್ಟು ಕೇಳಿಯೇಬಿಟ್ಟೆ, ಯಾರವಳು ಎಂದು.

"ಯಾರೂ ಇಲ್ಲ. ನಿನ್ನ ಹಿಂದೇನೇ ಅಲೀತಿದ್ದೆ" ಎಂದರು. "ನೀನು ಮನೆ ಬಿಟ್ಟು ಹೋಗಿದ್ದೆ. ನಿನ್ನನ್ನ ವಾಪಸ್ ತರೋಕೆ ನನಗೆ ಬೇರೆ ದಾರಿ ಗೊತ್ತಿಲ್ಲ."

ಆಮೇಲೆ ಎಲ್ಲ ಹೇಳಿದರು. ನಾನು ಜಗಳವಾಡಿ, ಗಂಟು ಕಟ್ಟಿಕೊಂಡು, ನಿನ್ನ ಮನೆಗೆ ಬರುತ್ತಿದ್ದೆನಂತೆ. ಒಂದು ಸಲವಲ್ಲ, ಎಷ್ಟೋ ಸಲ. ಇವರು ಕಾದು ನೋಡಿ, ಜಗಳಕ್ಕೆ ಮೊದಲಿನ ಹೊತ್ತಿಗೆ ಹಿಂತಿರುಗಿ, ಬೇರೆ ಮಾತು ಆಡಿ ನೋಡುತ್ತಿದ್ದರಂತೆ. ಅದೂ ನಾಟದಿದ್ದರೆ ಮತ್ತೊಂದು. ಸರಿಯಾದ ಮಾತು ಸಿಕ್ಕಿದ ದಿನ ನಾನು ತಣ್ಣಗೆ ತಟ್ಟೆ ಹಾಕಿ ಬಡಿಸುತ್ತಿದ್ದೆನಂತೆ. ಸೇತುವೆ ಉಳಿಸಲಾಗಲಿಲ್ಲ, ಜನರನ್ನು ಉಳಿಸಿದೆ ಎಂದು ಹೇಳಿದ ದನಿಯಲ್ಲೇ ಇದನ್ನೂ ಹೇಳಿದರು. ಅತ್ತರು ಕೂಡ. ನನಗೆ ಅಯ್ಯೋ ಅನ್ನಿಸಿ ಬೆನ್ನು ಸವರಿದೆ.

ಸವರಿದ ಕೈ ತೊಳೆದುಕೊಳ್ಳುವಾಗ ಹೊಳೆಯಿತು. ಈ ನಿಜವನ್ನೂ ಎಷ್ಟು ಬಗೆಯಲ್ಲಿ ಹೇಳಿ ನೋಡಿದ್ದರೋ, ನಾನು ಎದ್ದು ಹೋಗದೆ ಬೆನ್ನು ಸವರುವ ಬಗೆ ಸಿಗುವ ತನಕ? ಅಂದಿನಿಂದ ಅವರ ಮಾತಿರಲಿ, ನನ್ನ ಕನಿಕರವನ್ನೂ ನಂಬಲಾರೆ ಅಕ್ಕ. ಅವರ ಮೇಲೆ ಈಗಲೂ ಪ್ರೀತಿ ಇದೆ. ಅದು ನನ್ನದೋ, ಅವರು ತಿದ್ದಿ ತಿದ್ದಿ ಮಾಡಿಟ್ಟದ್ದೋ ಗೊತ್ತಿಲ್ಲ.

ಹುಣ್ಣಿಮೆಯ ಬೆಳಿಗ್ಗೆ ಮೊದಲ ಗಾಡಿಗೆ ಹೊರಟು ಬರುತ್ತೇನೆ. ಇದನ್ನು ಹಾಲಿನವಳ ಕೈಯಲ್ಲಿ ಅಂಚೆಗೆ ಕಳಿಸುತ್ತಿದ್ದೇನೆ. ನಾನು ಹೊರಡುವ ಹೊತ್ತಿಗೆ ಇದು ನಿನ್ನ ಕೈಸೇರಿ ಮೂರು ದಿನಕ್ಕಿಂತ ಹೆಚ್ಚಾಗಿರುತ್ತದೆ, ಆಮೇಲೆ ಇದನ್ನು ಹಿಂದಕ್ಕೆ ಪಡೆಯಲು ಅವರಿಂದಲೂ ಆಗದು.

ಭಾವನಿಗೆ ನಮಸ್ಕಾರ. ಮಕ್ಕಳು ನೂರು ಕಾಲ ಬಾಳಲಿ, ಮನಸಾರೆ ಜಗಳವಾಡಿಕೊಂಡು ಬೆಳೆಯಲಿ.

ನಿನ್ನ
ಪುಟ್ಟಿ

ಮರೆತಿದ್ದೆ: ಅವರನ್ನು ಇನ್ನೊಂದು ಮಾತು ಕೇಳಿದೆ. ನಾನು ಯಾಕೆ ಮನೆ ಬಿಡುತ್ತಿದ್ದೆ, ನೀವು ನನಗೆ ಏನು ಮಾಡಿದಿರಿ ಎಂದು. "ಅದೊಂದು ಕೇಳಬೇಡ" ಎಂದು ತಲೆ ತಗ್ಗಿಸಿದರು. ಅಕ್ಕ, ನನಗಾದ ಗಾಯ ಯಾವುದು ಎಂದು ನನಗೇ ಗೊತ್ತಿಲ್ಲ. ನಿನ್ನ ಅಡುಗೆಮನೆಯಲ್ಲಿ ಕೂತು ಅದನ್ನು ನಿನ್ನ ಹತ್ತಿರ ಹೇಳಿಕೊಂಡು ಅತ್ತಿರುತ್ತೇನೆ, ನಿನಗೂ ಗೊತ್ತಿಲ್ಲ. ಹುಣ್ಣಿಮೆ ಕಳೆದು, ಬರುವುದಿಲ್ಲ, ಇಲ್ಲೇ ಸುಖವಾಗಿದ್ದೇನೆ ಎಂದು ನನ್ನದೇ ಅಕ್ಷರದಲ್ಲಿ ಕಾಗದ ಬಂದರೆ, ಮನಸ್ಸು ಬದಲಾಯಿತು ಎಂದುಕೊಳ್ಳಬೇಡ. ನಾನು ಬಂದಿದ್ದೆ, ನೀನು ಬಾಗಿಲು ತೆಗೆದಿದ್ದೆ ಎಂದು ತಿಳಿ.