ಪಿಟೀಲಿನಲ್ಲಿ ಅಪ್ಪನನ್ನು ಕರೆಯುವುದು

ಅಕ್ಟೋಬರ್ 17, ಬೆಳಗ್ಗೆ

ಕಾಫಿ ಇವತ್ತೂ ಉಕ್ಕಿತು. ಲಾಂಬಿ ಹಿಂದಿನಿಂದ ಬಂದು ಕುತ್ತಿಗೆಗೆ ಮುತ್ತಿಟ್ಟ, ಒಲೆ ತಾನೇ ಒರೆಸಿದ, ಕೆಲಸಕ್ಕೆ ಓಡಿದ. ಉಗುರಿನ ತುಂಬ ಹಲ್ಲಿನ ಅಚ್ಚಿನ ಪ್ಲಾಸ್ಟರ್. ಈ ಪೆರ್ಮೆತ್ ಪಟ್ಟಣದ ಅರ್ಧ ಮುದುಕರು ಇವನು ಮಾಡಿಕೊಟ್ಟ ಹಲ್ಲಿನಲ್ಲೇ ನಗುವುದು. ಮದುವೆಯಾಗಿ ಒಂದು ತಿಂಗಳು! ಎಷ್ಟು ಸ್ವೀಟ್ ಗಂಡ!!

ಎರಡು ಆಶ್ಚರ್ಯಚಿಹ್ನೆ ಹಾಕಿ ಕಾದೆ. ಏನೂ ಅನ್ನಿಸಲಿಲ್ಲ.

ಅಪ್ಪ ಹೋಗಿದ್ದು ಐದನೇ ತಾರೀಕು. ಅವನ ಊರಿನ ಗುಡ್ಡದಲ್ಲಿ ಮಣ್ಣು ಮಾಡುವಾಗ ಹೆಂಗಸರೆಲ್ಲ ಹಾಡಿಕೊಂಡು ಅತ್ತರು. ಆ ಹಾಡನ್ನು ಮಗಳೇ ಮೊದಲು ಎತ್ತಿಕೊಳ್ಳಬೇಕಿತ್ತಂತೆ. ನಾನು ಹ್ಯಾಂಡ್‌ಬ್ಯಾಗ್ ಹಿಡಿದು ನಿಂತಿದ್ದೆ. ಹಿಂದಿನಿಂದ ಯಾರೋ — "ಇಂಗ್ಲಿಷ್ ಸ್ಕೂಲ್‌ನೋಳು. ಎಲ್ಲಾ ಕಲಿಸಿದಾರೆ, ಅಳೋದೊಂದು ಬಿಟ್ಟು."

ನಲವತ್ತನೇ ದಿನಕ್ಕೆ ಎಲ್ಲರೂ ಮತ್ತೆ ಸಮಾಧಿಗೆ ಬರುತ್ತಾರೆ. ಅಷ್ಟರಲ್ಲಿ ಆ ಹಾಡು ಕಲಿಯಬೇಕು. ಬಾಯಿಂದ ಆಗುವುದಿಲ್ಲ. ರಾಜಧಾನಿ ಟಿರಾನಾದಲ್ಲಿ ಕಲಿತ ಪಿಟೀಲಿನಲ್ಲಾದರೂ.

ಅಕ್ಟೋಬರ್ 19

ಗುಡ್ಡದ ಊರಿಗೆ ಹೋದೆ. ಉರಾನಿ ಅತ್ತೆ — ಅಪ್ಪನ ಅಕ್ಕ — ಹಾಡುತ್ತೇನೆಂದು ಕೂತವಳು ಮೊದಲು ಹಲ್ಲುಸೆಟ್ ತೆಗೆದು ಏಪ್ರನ್ ಜೇಬಿಗೆ ಹಾಕಿಕೊಂಡಳು.

"ನಿನ್ ಗಂಡ ಮಾಡಿರೋ ಹಲ್ಲಲ್ಲಿ ನಗಬಹುದು ಕಣೇ. ಅಳೋಕೆ ಹೋದ್ರೆ ಸುಯ್ ಅನ್ನತ್ತೆ."

ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡೆ. ಮೇಲಿನಿಂದ ಒಂದೇ ಕೂಗು, ಅಲ್ಲಿಂದ ಜಾರುತ್ತಾ ಕೆಳಗೆ. ಅತ್ತೆ ಹಾಡುತ್ತಲೇ ಅತ್ತಳು, ಅಳುತ್ತಲೇ ಬೀನ್ಸ್ ಬಿಡಿಸಿದಳು. ನಾನು ಫೋನಿನ ಬ್ಯಾಟರಿ ನೋಡುತ್ತಿದ್ದೆ.

ಅಕ್ಟೋಬರ್ 27

ಸೂತಕದ ಮನೆಯಲ್ಲಿ ವಾದ್ಯ ಮುಟ್ಟುವಂತಿಲ್ಲ. ನದಿ ಪಕ್ಕ ಲಾಂಬಿಯ ವ್ಯಾನಿನಲ್ಲಿ, ಗಾಜು ಏರಿಸಿಕೊಂಡು ಪ್ರಾಕ್ಟೀಸ್. ಬಿಲ್ಲು ಪೂರ್ತಿ ಎಳೆದರೆ ಬಾಗಿಲಿಗೆ ತಾಗುತ್ತದೆ. ಸ್ವರಗಳನ್ನೆಲ್ಲ ಬರೆದುಕೊಂಡು ಬಾಯಿಪಾಠ ಮಾಡಿದೆ. ಒಂದೂ ತಪ್ಪಿಲ್ಲ.

ಇವತ್ತು ಅತ್ತೆಯನ್ನು ವ್ಯಾನಿನಲ್ಲೇ ಕೂರಿಸಿಕೊಂಡು ನುಡಿಸಿದೆ. ಕಣ್ಣು ಮುಚ್ಚಿ ಕೇಳಿದಳು.

"ಚೆನ್ನಾಗಿದೆ ಕೂಸೇ. ಯಾರು ಸತ್ತಿದ್ದು?"

"ಅತ್ತೆ!"

"ಅಲ್ವೇ, ಇದ್ರಲ್ಲಿ ಯಾರೂ ಸತ್ತಿಲ್ಲ. ಮೆಟ್ಟಿಲು ಎಣಿಸ್ಕೊಂಡು ಇಳಿದ ಹಾಗಿದೆ. ಜಾರಬೇಕು."

ಟಿರಾನಾದ ಟೀಚರ್ ಮೂರು ವರ್ಷ ಬಡಿದು ಬಿಡಿಸಿದ್ದೇ ಆ ಜಾರುವುದನ್ನು. ಈಗ ಬೆರಳು ಕೇಳುವುದಿಲ್ಲ.

ನವೆಂಬರ್ 8

ಇಷ್ಟು ದಿನ ಏನೂ ಬರೆಯಲಿಲ್ಲ. ನಿದ್ದೆ. ಊಟ. ಲಾಂಬಿ ಜೋಕು ಹೇಳುತ್ತಾನೆ, ನಾನು ಸರಿಯಾದ ಜಾಗದಲ್ಲಿ ನಗುತ್ತೇನೆ. ಅವನಿಗೆ ಗೊತ್ತಾಗುತ್ತದೆ.

ಅತ್ತೆ ಇವತ್ತು ಕೇಳಿದಳು — "ಚಿಕ್ಕೋಳಿದ್ದಾಗ ಅವನನ್ನ ಹೆಂಗೆ ಕೂಗ್ತಿದ್ದೆ?"

ಟಿರಾನಾದ ಮೂರನೇ ಮಹಡಿಯ ಬಾಲ್ಕನಿ. ಅಪ್ಪ ಕೆಳಗೆ ತಾನು ಓಡಿಸುತ್ತಿದ್ದ ಬಸ್ ನಿಲ್ಲಿಸಿ ಗಾಜು ಒರೆಸುತ್ತಾ ನಿಂತುಬಿಡುತ್ತಿದ್ದ. ಅಪ್ಪ ನನಗೆ ಬಾಬಿ. "ಬಾಬೀ... ಊಟ!" ಅಂತ ಕೂಗುತ್ತಿದ್ದೆ. ಅವನು ಒರೆಸುವ ಬಟ್ಟೆ ಮೇಲೆತ್ತಿ ಬೀಸುವವರೆಗೂ.

"ಹಾಡಿನ ಮೊದಲ್ನೇ ಕೂಗೂ ಅಷ್ಟೇ. ಕರೆಯೋದು. ಅವನು ಬರಲ್ಲ ಅಂತ ಗೊತ್ತಾದ ಮೇಲೆ ದನಿ ತಾನಾಗೇ ಕೆಳಗೆ ಬರತ್ತೆ."

"ಶ್ರುತಿ ಯಾರು ಹಿಡೀತಾರೆ ಅತ್ತೆ?" ನಮ್ಮಲ್ಲಿ ಒಬ್ಬರೇ ಅಳುವ ಪದ್ಧತಿಯಿಲ್ಲ. ಒಬ್ಬಳು ಹಾಡಿದರೆ ಉಳಿದವರು ಕೆಳಗೆ ಒಂದೇ ಸ್ವರ ಹಿಡಿದು ನಿಲ್ಲಬೇಕು.

"ಪಿಟೀಲಿಗೆ ಹಿಡೀತಾರೋ ಇಲ್ವೋ. ನೀನು ಕರೆದ್ರೆ ಹಿಡಿದಾರು."

ನವೆಂಬರ್ 13

ನಾಳೆ ನಲವತ್ತನೇ ದಿನ, ಸಮಾಧಿಯ ಬಳಿ ಹಂಚಲು ಗೋಧಿ ಬೇಯಿಸಿದೆ. ಅಕ್ರೋಟು, ಸಕ್ಕರೆ. ಬೆರಳು ಇನ್ನೂ ಮೆಟ್ಟಿಲು ಇಳಿಯುತ್ತಿದೆ.

"ನಾಳೆ ಬೇಡ ಅಂದ್ರೆ ಬೇಡ ಚಿನ್ನ," ಎಂದ ಲಾಂಬಿ.

"ನಾಳೆ ಬಿಟ್ರೆ ಅಪ್ಪನಿಗೆ ನಾನು ಅಳಲೇ ಇಲ್ಲ ಅಂತಾಗತ್ತೆ."

ನವೆಂಬರ್ 14, ಸಂಜೆ

ಪಾದ್ರಿ ಗುಡ್ಡ ಇಳಿದು ಹೋದ ಮೇಲೆ ಪಿಟೀಲಿನ ಪೆಟ್ಟಿಗೆ ತೆರೆದೆ. ಪಿಟೀಲು ಗದ್ದಕ್ಕಿಟ್ಟು ಬಿಲ್ಲು ಎಳೆದೆ. ಕರೆದೆ. ಸ್ವರ ಸರಿಯಾಗಿಯೇ ಬಂತು. ಹೆಂಗಸರು ಗೋಧಿಯ ತಟ್ಟೆ ಹಿಡಿದು ನೋಡಿದರು. ಕನ್ಸರ್ಟ್ ನೋಡುವ ಹಾಗೆ. ಶ್ರುತಿ ಇಲ್ಲ. ನಿಲ್ಲಿಸಿಬಿಡೋಣ ಅನ್ನಿಸಿತು.

ಆಗ ಪಕ್ಕದಲ್ಲಿ — "ಏ..."

ಲಾಂಬಿ! ನಮ್ಮ ಮದುವೆಯ ಊಟದಲ್ಲೇ ಅವನ ಸೋದರಮಾವಂದಿರು "ನೀನು ತಿನ್ನು ಮಾರಾಯ, ಹಾಡ್ಬೇಡ" ಎಂದು ಬಾಯಿಗೆ ಮಾಂಸ ತುರುಕಿದ್ದರು. ಈಗ ಅವನ ಕಿವಿ ಕೆಂಪಾಗಿತ್ತು. ಕಣ್ಣು ನೆಲದ ಮೇಲೆ. ಹಿಡಿದ ಸ್ವರ ನನ್ನದಕ್ಕಿಂತ ಕೆಳಗೆ, ಪೂರ್ತಿ ಅರ್ಧಸ್ವರವೂ ಅಲ್ಲ, ಯಾವ ಕಾಗದದ ಮೇಲೂ ಬರೆಯಲಾಗದ ಜಾಗದಲ್ಲಿ.

ಅವನು ಮೇಲೆ ಬರುವವನಲ್ಲ. ನಾನೇ ಇಳಿಯಬೇಕಾಯಿತು. ಬೆರಳು ಒತ್ತಿಕೊಂಡೇ ಕೆಳಗೆ ಎಳೆದೆ... ಜಾರಿತು. ಇನ್ನೂ ಜಾರಿತು. ಬಾಲ್ಕನಿ. ಕೆಳಗೆ ಬಸ್ಸಿತ್ತು, ಬಟ್ಟೆ ಬೀಸುವವರಿರಲಿಲ್ಲ.

ಉರಾನಿ ಅತ್ತೆ ಹಲ್ಲು ತೆಗೆದು ಜೇಬಿಗೆ ಹಾಕಿಕೊಂಡಳು. ಲಾಂಬಿಯ ಆ ತಪ್ಪು ಸ್ವರವನ್ನೇ ಹಿಡಿದಳು. ಆಮೇಲೆ ಅವಳ ಪಕ್ಕದವಳು. ಆಮೇಲೆ ಎಲ್ಲರೂ.

ಗದ್ದದ ಕೆಳಗೆ ಪಿಟೀಲಿನ ಮರ ಒದ್ದೆಯಾಗಿ ಜಾರತೊಡಗಿತು. ಹಾಡು ಮುಗಿದಿತ್ತು. ಆದರೆ ಲಾಂಬಿ ಉಸಿರು ಎಳೆದುಕೊಂಡು ಮತ್ತೆ ಹಿಡಿದ, ಅದಕ್ಕೇ ನಾನೂ ಮತ್ತೆ ಮೊದಲಿನಿಂದ ಕರೆದೆ.