ಕತ್ತರಿಸಿದ ಹನ್ನೊಂದು ನಿಮಿಷ

ಕಂಬಂ. ಆಡಿ ತಿಂಗಳ ಎರಡನೆಯ ಮಂಗಳವಾರ. ಈ ತಿಂಗಳು ಮದುವೆಗಳಿಲ್ಲ. ವೀಡಿಯೋ ಸ್ಟುಡಿಯೋದ ಷಟರ್ ಅರ್ಧ ಇಳಿಸಿಕೊಂಡು ಒಳಗೆ ಕೂತಿದ್ದೇನೆ, ಯಾರೂ ಬರದಿರಲಿ ಎಂದು.

ಮಾಮನಿಗೆ,

ನೀವು ಮದರಾಸಿನಲ್ಲಿ ಸಂಕಲನಕಾರರ ಸಹಾಯಕರಾಗಿದ್ದಾಗ, ಒಂದು ಫಿಲ್ಮ್ ಸೊಸೈಟಿಯಲ್ಲಿ ಆ ಬ್ರೆಜಿಲ್ ನಟನನ್ನು ಮೊದಲು ನೋಡಿದ ಕತೆಯನ್ನು ಎಷ್ಟು ಸಲ ಹೇಳಿದ್ದೀರಿ? ಲಿಫ್ಟ್ ನಡೆಸುವವನ ಸಣ್ಣ ಪಾತ್ರ. ಕೊನೆಗೆ ಹೆಸರುಗಳು ಬರುವಾಗ ಸಂಕಲನದ ಮುಂದೆಯೂ ಅವನದೇ ಹೆಸರು. "ಅವನ್ ಮೂತಿನ ಅವನೇ ಕಡ್ದವ್ನೆ, ನೋಡ್ ಡಾ!" ಎಂದು ನೀವು ನಗುತ್ತಿದ್ದಿರಿ.

ಅವನ ಪಾತ್ರಗಳನ್ನು ನೋಟ್‌ಬುಕ್ಕಿನಲ್ಲಿ ಬರೆದಿಡುತ್ತಿದ್ದಿರಿ: ಅಂಚೆಯವ, ಮುಳುಗಿ ಸತ್ತವ, ಮೂರನೆಯ ಸೈನಿಕ. ನಾಯಕನಾಗಲೇ ಇಲ್ಲ. ನಟನೆ ಹೆಚ್ಚು ಸಿಗದ ವರ್ಷಗಳಲ್ಲಿ ಬೇರೆಯವರ ಚಿತ್ರಗಳನ್ನು ಸಂಕಲಿಸಿದ. ಒಂದರಲ್ಲಿ ತನ್ನ ಒಂದೇ ಒಂದು ದೊಡ್ಡ ಮಾತನ್ನೂ ತೆಗೆದುಹಾಕಿದನಂತೆ. ಅದನ್ನು ಓದಿದ ದಿನ ನೀವು ಎಲೆ ಮುಂದೆ ಊಟ ಮರೆತು ನನಗೆ ವಿವರಿಸಿದಿರಿ. ನಾನಾಗ ಅನುವಾದದ ಕಾದಂಬರಿಗಳಲ್ಲಿ ಮುಳುಗಿದ್ದೆ. ಅನುವಾದದಲ್ಲಿ ಬಿಟ್ಟುಹೋದದ್ದನ್ನು ಊಹಿಸಿಕೊಂಡು ಓದುವುದು ನನಗೆ ಅಭ್ಯಾಸ. ಎಲ್ಲರಿಗೂ ಹಾಗೇ ಎಂದುಕೊಂಡೆ...

ಸಂಕ್ರಾಂತಿ ಕಳೆದು ತೈ ತಿಂಗಳಲ್ಲಿ ಗೂಡಲೂರಿನಲ್ಲಿ ನಮ್ಮವರದೇ ಮದುವೆ. ಹುಡುಗಿಯ ತಾಯ್‌ಮಾಮ, ಅವಳ ಅಮ್ಮನ ಅಣ್ಣ, ತವರಿನ ಉಡುಗೊರೆಯ ಸೀರು ತಂದರು. ಮುಂದೆ ಅವರು, ಹಿಂದೆ ತಟ್ಟೆ ಹೊತ್ತ ಬಂಧುಗಳ ಸಾಲು. ಬಾಗಿಲಿನಿಂದ ಮಂಟಪದವರೆಗೆ ಹನ್ನೊಂದು ನಿಮಿಷ. ವೀಡಿಯೋದಲ್ಲಿ ನಾನು ನಲವತ್ತು ಸೆಕೆಂಡಿಗೆ ಇಳಿಸಿದೆ. ಚೆನ್ನಾಗಿಯೇ ಇತ್ತು, ಮಾಮಾ. ಆದರೆ ಮನೆಮಂದಿಯೆಲ್ಲ ಕೂತು ನೋಡುವಾಗ ಅವರು ಎದ್ದು ನಿಂತರು.

"ತಾಯ್‌ಮಾಮ ನಾನು. ನನ್ ಸೀರು ಎಲ್ಲಪ್ಪಾ?"

"ಬಂತಲ್ಲ ಅಣ್ಣಾಚಿ, ಈಗ್ ತಾನೇ..."

"ಬಂತಾ? ನಾನ್ ಕೆಮ್ಮೋಕ್ ಮುಂಚೆ ಮುಗ್ದೋತು! ಅಡಿಗೆಯವ್ನು ಸಾಂಬಾರ್ ಕಲಸೋದನ್ನ ಅಷ್ಟೊತ್ತು ತೋರ್ಸಿದೀಯ!"

ಸೀರು ಪೂರ್ತಿ ತೋರಿಸುವವರೆಗೆ ತಂಗಿಯ ಮನೆ ಮೆಟ್ಟುವುದಿಲ್ಲ ಎಂದು ಹೊರಟುಹೋದರು. ಈಗ ಆ ಹುಡುಗಿ ಬಸುರಿ. ಮುಂದಿನ ತಿಂಗಳು, ಆವಣಿಯಲ್ಲಿ, ಬಳೆ ತೊಡಿಸುವ ಶಾಸ್ತ್ರ. ಮೊದಲ ಬಳೆ ತಾಯ್‌ಮಾಮನ ಮನೆಯಿಂದಲೇ ಬರಬೇಕು. ಸೀರಿನ ಪೂರ್ತಿ ವೀಡಿಯೋಗಾಗಿ ಹುಡುಗಿಯ ಅಮ್ಮ ದಿನವೂ ಫೋನ್ ಮಾಡುತ್ತಾರೆ.

"ಸಿಕ್ತಾ ಸಾಮಿ?"

"ಹುಡುಕ್ತಾ ಇದೀನಿ ಅಕ್ಕಾ."

ಹುಡುಕುವುದಕ್ಕೆ ಏನಿದೆ? ವೀಡಿಯೋ ಕೊಟ್ಟ ದಿನವೇ, ಜಾಗ ಸಾಲದೆಂದು, ಕ್ಯಾಮೆರಾದಲ್ಲಿ ತೆಗೆದದ್ದನ್ನೆಲ್ಲ ಅಳಿಸಿದ್ದೆ. ಮೊದಲ ದಿನವೇ ಹೇಳಿಬಿಡಬಹುದಿತ್ತು. ಹೇಳಲಿಲ್ಲ. ಈಗ ಫೋನ್ ಸದ್ದಾದರೆ ಮೊದಲು ಮಗುಚಿಡುತ್ತೇನೆ, ಆಮೇಲೆ ಎತ್ತುತ್ತೇನೆ. ಅತ್ತೆ ಕಾಫಿ ತಂದಿಟ್ಟರೂ ತಲೆ ಎತ್ತುವುದಿಲ್ಲ. ಮದರಾಸು ಬಿಟ್ಟು ಬಂದು ನೀವು ತೆರೆದ ಸ್ಟುಡಿಯೋ, ನಿಮ್ಮ ಕುರ್ಚಿ, ನಿಮ್ಮ ಮೇಜು, ಗೋಡೆಯ ಕಡೆ ಮುಖ. ನಿಮಗೂ ಇಲ್ಲಿ ಹೀಗೆ ಉಸಿರು ಕಟ್ಟುತ್ತಿತ್ತೇ? ನೀವು ಬದುಕಿದ್ದಾಗಲೇ ಕೇಳಬೇಕಿತ್ತು.

ನೀವು ಕೇಳದ ಸುದ್ದಿಯೊಂದಿದೆ. ನಿನ್ನೆ ಮಧ್ಯಾಹ್ನ ಆ ಬ್ರೆಜಿಲ್ ನಟನ ಹೊಸ ಚಿತ್ರ ನೋಡಿದೆ. ಮುದುಕನಾಗಿದ್ದಾನೆ. ಮಗಳ ಮನೆಯ ಬಾಗಿಲಿನಿಂದ ಒಂದು ಕುರ್ಚಿಯವರೆಗೆ ನಡೆದು ಬರುತ್ತಾನೆ, ಅಷ್ಟೇ. ಎಲ್ಲೂ ಕಟ್ ಇಲ್ಲ. ಸಂಕಲನ ಅವನದೇ. ಮುಂದಕ್ಕೆ ಓಡಿಸಲು ನನ್ನ ಕೈ ಎರಡು ಸಲ ಹೋಯಿತು. ಅವನು ಕೂತ ಮೇಲೆ ನನಗೆ ನಾಚಿಕೆಯಾಯಿತು.

ಶುಕ್ರವಾರ ಗೂಡಲೂರಿಗೆ ಹೋಗುತ್ತೇನೆ, ಮಾಮಾ. ಫೋನ್ ಮಾಡುವ ಅಕ್ಕನ ಮನೆಗಲ್ಲ, ನೇರ ಆ ತಾಯ್‌ಮಾಮನ ಮನೆಗೆ. ಏನೂ ಉಳಿದಿಲ್ಲ, ನಾನೇ ಅಳಿಸಿದೆ, ಅಕ್ಕನಿಗೂ ಸುಳ್ಳು ಹೇಳಿದೆ ಎಂದು ಹೇಳುತ್ತೇನೆ. ಅವರು ಬೈದು ಮುಗಿಸುವವರೆಗೆ ನಿಂತಿರುತ್ತೇನೆ. ಇನ್ನೂ ಯಾರಿಗೂ ತಿಳಿಸಿಲ್ಲ.