ಬೂದಿಯಲ್ಲಿ ನಾಲ್ಕು ಬೆರಳು

ಪಸ್ತಾಪುರ
ಮಂಗಳವಾರ, ೧೯ ನವೆಂಬರ್ ೨೦೨೪

ಪ್ರೀತಿಯ ಸಂಗಣ್ಣನಿಗೆ ತಂಗಿ ಭುವನೇಶ್ವರಿಯ ಶರಣು.

ಫೋನಿನಲ್ಲಿ ಹೇಳಿದರೆ ನೀನು ನಕ್ಕು ಕಟ್ ಮಾಡುತ್ತೀಯ. ಅದಕ್ಕೇ ತಾಂಡೂರಿಗೆ ಹೊರಟಿರುವ ಧನರಾಜನ ಕೈಯಲ್ಲಿ ಈ ಪತ್ರ ಕಳಿಸುತ್ತಿದ್ದೇನೆ. ಕಲ್ಲು ಪಾಲಿಶ್ ಮಾಡುವ ಮಷೀನು ನಿಲ್ಲಿಸಿ, ಕೂತು ಓದು.

ತೀರಿಕೊಂಡವರ ಪಾದದ ಅಳತೆಯಲ್ಲೇ ಕುಣಿ ತೋಡುವುದು ನಮ್ಮವರ ಪದ್ಧತಿ. ಊರಿಗೆಲ್ಲ ಆ ಕೆಲಸ ಮಾಡುತ್ತಿದ್ದವನು ನಮ್ಮ ಶಾಂತಪ್ಪಜ್ಜ. ಯಾರಾದರೂ ಹೋಗುವ ಮೂರು ದಿನ ಮೊದಲೇ ಅವರ ಹೆಜ್ಜೆ ನಮ್ಮ ದೇವರ ಜಗಲಿಯ ಮುಂದೆ ಹರವಿದ ಬೂದಿಯಲ್ಲಿ ಮೂಡುತ್ತಿತ್ತು. ಅಜ್ಜ ಮಾತಾಡದೆ ಅದನ್ನು ದಾರದಲ್ಲಿ ಅಳೆದು, ಕತ್ತರಿಸಿ ಇಡುತ್ತಿದ್ದ. ಆಮೇಲೆ ಆ ದಾರವನ್ನು ಅವರ ಜೊತೆಗೇ ಮಣ್ಣಿಗೆ ಹಾಕುತ್ತಿದ್ದ. ನೀನು ಇದನ್ನೆಲ್ಲ ಮುದುಕನ ಮರುಳು ಎನ್ನುತ್ತಿದ್ದೆ. ಅಜ್ಜ ಹೋದ ಮೇಲೆ ಹೆಜ್ಜೆಗಳು ನನಗೆ ಕಾಣುತ್ತಿವೆ. ಈವರೆಗೆ ಕಂಡ ಮೂರೂ ತಪ್ಪಲಿಲ್ಲ.

ಇವತ್ತು ಬೆಳಗ್ಗೆ ಮೂಡಿದ ಬಲಗಾಲಿಗೆ ಕಿರುಬೆರಳಿಲ್ಲ.

ಆ ಬೆರಳನ್ನು ಕಲ್ಲಿನ ಅಡಿಯಲ್ಲಿ ಬಿಟ್ಟು ಬಂದು, ಇನ್ನು ಒಂದು ಉಗುರು ಕತ್ತರಿಸುವ ಕೆಲಸ ತಪ್ಪಿತು ಎಂದು ಅವ್ವನನ್ನು ನಗಿಸಿದವನು ನೀನು. ನನಗೆ ಭಯವಾಗಿದೆ, ಅಣ್ಣ. ಅವ್ವನಿಗೆ ಹೇಳಿಲ್ಲ.

ಶುಕ್ರವಾರ ನೀನು ಹೆಣ್ಣು ನೋಡಲು ಬೈಕಿನಲ್ಲಿ ನಾರಾಯಣಖೇಡಕ್ಕೆ ಹೋಗುವವನು. ಅಪಾಯ ಆ ದಾರಿಯಲ್ಲಿದೆಯೋ, ಕಾರ್ಖಾನೆಯಲ್ಲಿದೆಯೋ ತಿಳಿಯದು. ಮನೆಗೆ ಬಾ ಎನ್ನೋಣವೆಂದರೆ, ಬರುವ ದಾರಿಯಲ್ಲೇ ಇದ್ದರೆ? "ತಿಳಿಯೋದಷ್ಟ ನಮ್ದು ಭುವನಿ, ತಪ್ಪಸೋದು ನಮ್ ಕೈಯಾಗಿಲ್ಲ. ಯಾರಿಗೂ ಹೇಳಬ್ಯಾಡ," ಎಂದಿದ್ದ ಅಜ್ಜ. ಆ ಮಾತು ಮುರಿದಿದ್ದೇನೆ. ಗೊತ್ತಿದ್ದೂ ಸುಮ್ಮನಿರಲು ನನ್ನಿಂದಾಗಲಿಲ್ಲ. ಈ ಮೂರು ದಿನ ಏನು ಮಾಡಬೇಕೆಂದು ನೀನೇ ನಿರ್ಧರಿಸು.

ನಿನ್ನ
ಭುವನಿ

ತಾ.ಕ.: ಪತ್ರ ಮಡಚಿಟ್ಟು, ನಿನ್ನ ಹೆಜ್ಜೆ ಅಳೆಯಲು ಅಜ್ಜನ ಚೀಲದಿಂದ ದಾರ ತೆಗೆಯಹೋದೆ. ತಳದಲ್ಲಿ ಒಂದು ಚಿಕ್ಕ ತುಂಡು ಸಿಕ್ಕಿತು. ಮಗುವಿನ ಪಾದದಷ್ಟೇ ಉದ್ದ. ಮಣ್ಣಿಗೆ ಹೋಗದೆ ಉಳಿದದ್ದು. ನಾವು ಚಿಕ್ಕವರಿದ್ದಾಗ ಅಜ್ಜ ಎಂದಾದರೂ ವಿಚಿತ್ರವಾಗಿ ನಡೆದುಕೊಂಡಿದ್ದನೇ ಎಂದು ಸುಮ್ಮನೆ ಕೇಳಿದಂತೆ ಅವ್ವನನ್ನು ಕೇಳಿದೆ. "ನೀ ಎರಡ್ ವರ್ಷದಾಕಿ ಇದ್ದಾಗ ಮೂರ್ ದಿನ ನಿಮ್ಮಜ್ಜ ನಿನ್ನ ತೊಡಿ ಮ್ಯಾಲಿಂದ ಇಳಸಲೇ ಇಲ್ಲ. ಯಾಕಂತ ಕೇಳಿದ್ರೂ ಹೇಳಲಿಲ್ಲ," ಅಂದಳು. ಆ ದಾರವನ್ನು ಇದರೊಳಗೆ ಇಟ್ಟಿದ್ದೇನೆ, ಕಳೆಯಬೇಡ. ನಿನ್ನ ಹೆಜ್ಜೆಯನ್ನು ನಾನು ಅಳೆಯಲಿಲ್ಲ. ಸಂಜೆಯ ಬಸ್ಸಿಗೆ ಬರುತ್ತಿದ್ದೇನೆ. ನಿನ್ನನ್ನು ತೊಡೆಯ ಮೇಲೆ ಕೂರಿಸಿಕೊಳ್ಳಲು ಆಗುವುದಿಲ್ಲ, ಕೈ ಹಿಡಿದುಕೊಂಡು ಕೂರುತ್ತೇನೆ.